ಹುಸೇನ್ ಸಾಬರ ವಿದೇಶಾಂಗ ಖಾತೆ

ದೆಹಲಿಯಲ್ಲಿ ವಿದೇಶಾಂಗ ಖಾತೆ ಯಾರ ಕೈಯಲ್ಲೇ ಇರಲಿ, ಹುಣಸೂರಿನಲ್ಲಿ ಅದು ಹುಸೇನ್ ಸಾಬರ ಕೈಯಲ್ಲಿತ್ತು. ಹಾಗಂತ ಅವರು ನಂಬಿದ್ದರು. ಅವರು ನಂಬಿದ್ದನ್ನು ಸೇತುವೆ ಪಕ್ಕದ ಟೀ ಅಂಗಡಿಯಲ್ಲಿ ಕೂತವರೆಲ್ಲ ಒಪ್ಪಿಕೊಳ್ಳಲೇಬೇಕಿತ್ತು. ಒಪ್ಪದವರಿಗೆ ಸಾಬರು ಇನ್ನೊಂದು ಟೀ ಹೇಳಿ ಮೊದಲಿಂದ ವಿವರಿಸುತ್ತಿದ್ದರು. ಎರಡನೇ ಲೋಟ ಖಾಲಿಯಾಗುವಷ್ಟರಲ್ಲಿ ಬಹಳ ಜನ ಒಪ್ಪಿಬಿಡುತ್ತಿದ್ದರು.

ಸಾಬರದು ಶಾಮಿಯಾನ, ಕುರ್ಚಿ, ಮೈಕ್ ಸೆಟ್ ಬಾಡಿಗೆಗೆ ಕೊಡುವ ಅಂಗಡಿ. ಅಪ್ಪನ ಕಾಲದಲ್ಲಿ ಪೆಟ್ರೋಮ್ಯಾಕ್ಸ್ ದೀಪಗಳಿಂದ ಶುರುವಾದದ್ದು ಈಗ ಮಗ ಉಮರನ ಕೈಯಲ್ಲಿ ಎಲ್‌ಇಡಿ ಪರದೆಯವರೆಗೆ ಬಂದಿತ್ತು. ಕೆ.ಆರ್. ನಗರದ ಮದುವೆಯಾಗಲಿ, ಎಚ್.ಡಿ. ಕೋಟೆಯ ಪಕ್ಷದ ಸಮಾವೇಶವಾಗಲಿ, ಪಿರಿಯಾಪಟ್ಟಣದ ತಂಬಾಕು ಬೆಳೆಗಾರರ ಧರಣಿಯಾಗಲಿ, ಕಂಬ ಸಾಬರದು, ಬಟ್ಟೆ ಸಾಬರದು, ಮೈಕಿನ ಕೀರಲು ಸದ್ದೂ ಸಾಬರದೇ. ಯಾವ ಪಕ್ಷದವರು ಕರೆದರೂ ಹೋಗುತ್ತಿದ್ದರು. ಅವರಿಗೆ ಬೇಕಾದದ್ದು ಗಾಳಿ ಯಾವ ಕಡೆಯಿಂದ ಬೀಸುತ್ತಿದೆ ಎಂಬ ಮಾಹಿತಿ ಮಾತ್ರ, ಯಾಕೆಂದರೆ ಶಾಮಿಯಾನ ಹಾರಿಹೋಗಬಾರದು.

ಈ ಅಂಗಡಿಗೂ ಚೀನಾ ದೇಶಕ್ಕೂ ಏನು ಸಂಬಂಧ ಅಂತ ಕೇಳಿದರೆ ಸಾಬರ ಕಣ್ಣು ಅರಳುತ್ತಿತ್ತು. ಹುಣಸೂರು ತಾಲ್ಲೂಕಿನ ಗುರುಪುರದಲ್ಲಿ ಟಿಬೆಟನ್ನರ ಕ್ಯಾಂಪ್ ಇದೆ. ಪ್ರತಿ ವರ್ಷ ಮಾರ್ಚ್ ಹತ್ತಕ್ಕೆ ಅವರು ಪಟ್ಟಣಕ್ಕೆ ಬಂದು ಒಂದು ಸಭೆ ಮಾಡುತ್ತಾರೆ. ಐವತ್ತೊಂಬತ್ತರಲ್ಲಿ ಲಾಸಾದ ಜನ ಚೀನಾದ ವಿರುದ್ಧ ಎದ್ದು ನಿಂತ ದಿನ ಅದು. ಸಭೆಗೆ ಪೊಲೀಸರ ಅನುಮತಿ ಬೇಕು. ಅನುಮತಿ ಎಷ್ಟು ಅಗಲವೋ ಶಾಮಿಯಾನವೂ ಅಷ್ಟೇ ಅಗಲ. ದೆಹಲಿ ಚೀನಾದ ಮೇಲೆ ಮುನಿಸಿಕೊಂಡಿದ್ದರೆ ಮೆರವಣಿಗೆ, ಬಾವುಟ, ನಾಲ್ಕೂ ದಿಕ್ಕಿಗೆ ಮೈಕಿನ ಹಾರ್ನ್. ರಾಜಿಯಾಗಿದ್ದರೆ ಮೈಕ್ ಬೇಡ, ಘೋಷಣೆ ಬೇಡ, ಪ್ರಾರ್ಥನೆ ಮಾಡಿಕೊಂಡು ಬೇಗ ಮನೆಗೆ ಹೋಗಿ ಎಂಬ ಬುದ್ಧಿವಾದ. ಹೀಗೆ ತಮ್ಮ ಗೋದಾಮಿನಿಂದ ಎಷ್ಟು ಬಟ್ಟೆ ಹೊರಗೆ ಹೋಯಿತು ಎಂಬುದರ ಮೇಲೆಯೇ ಸಾಬರು ದೆಹಲಿಯ ಮನಸ್ಸನ್ನು ಅಳೆಯುತ್ತಿದ್ದರು.

ಅವರ ಅಪ್ಪ ಹೇಳುತ್ತಿದ್ದ ಕಥೆ ಇನ್ನೂ ಹಿಂದಿನದು. ಹಿಂದಿ ಚೀನಿ ಭಾಯಿ ಭಾಯಿ ಅನ್ನುತ್ತಿದ್ದ ಕಾಲದಲ್ಲಿ ಒಂದು ಸಭೆಗೆ ಅಪ್ಪ ಪೆಟ್ರೋಮ್ಯಾಕ್ಸ್ ಹಚ್ಚಿದ್ದರಂತೆ. ಕೆಲವೇ ವರ್ಷಗಳಲ್ಲಿ ಅದೇ ಜಾಗದಲ್ಲಿ, ಅದೇ ದೀಪದ ಬೆಳಕಿನಲ್ಲಿ, ಹೆಂಗಸರು ಯುದ್ಧನಿಧಿಗೆ ಬಳೆ ಬಿಚ್ಚಿ ಕೊಟ್ಟರಂತೆ. ದೀಪಕ್ಕೆ ಏನೂ ಗೊತ್ತಾಗಲಿಲ್ಲ ಅಂತ ಅಪ್ಪ ನಗುತ್ತಿದ್ದರು. ಹುಸೇನ್ ಸಾಬರು ಮಾತ್ರ ದೀಪದಷ್ಟು ಮುಗ್ಧರಾಗಿರಲಿಲ್ಲ. ನಮ್ಮ ಪ್ರಧಾನಿ ಎಂಬತ್ತೆಂಟರ ಕೊನೆಯಲ್ಲಿ ಬೀಜಿಂಗಿಗೆ ಹೋಗಿ ಕೈ ಕುಲುಕಿ ಬಂದ ಮೇಲೆ ಮಾರ್ಚಿನಲ್ಲಿ ಮೊದಲ ಬಾರಿಗೆ ಹಾರ್ನ್ ಬೇಡವೆಂದು ವಾಪಸ್ ಬಂದದ್ದನ್ನು ಅವರು ಗಮನಿಸಿದರು. ಪೋಖ್ರಾನಿನಲ್ಲಿ ಬಾಂಬ್ ಸಿಡಿಸಿ, ಚೀನಾವೇ ನಮ್ಮ ದೊಡ್ಡ ಅಪಾಯ ಅಂತ ಮಂತ್ರಿಗಳು ಹೇಳಿದ ಮಾರನೇ ವರ್ಷ ಶಾಮಿಯಾನ ರಸ್ತೆಯವರೆಗೆ ಚಾಚಿಕೊಂಡಿತು. ಐದು ವರ್ಷ ಕಳೆಯುವುದರೊಳಗೆ ಅದೇ ಸರ್ಕಾರ ಟಿಬೆಟ್ ಚೀನಾದ ಭಾಗ ಅಂತ ಬರೆದುಕೊಟ್ಟಿತು, ಶಾಮಿಯಾನ ಮತ್ತೆ ಒಳಗೆ ಸರಿಯಿತು. ಒಂದು ವರ್ಷ ಚೀನಾದ ಅಧ್ಯಕ್ಷರು ಗುಜರಾತಿಗೆ ಬಂದು ನಮ್ಮ ಪ್ರಧಾನಿಯ ಜೊತೆ ಉಯ್ಯಾಲೆಯಲ್ಲಿ ಕೂತರು. ಅವರು ಕೂತಷ್ಟು ದಿನ ಗುರುಪುರದಲ್ಲಿ ಯಾರೂ ಜೋರಾಗಿ ಕೆಮ್ಮುವ ಹಾಗಿರಲಿಲ್ಲ ಅಂತ ಸಾಬರು ಈಗಲೂ ಹೇಳುತ್ತಾರೆ. ಡೋಕ್ಲಾಮಿನಲ್ಲಿ ಸೈನಿಕರು ಎದೆಗೆ ಎದೆ ಕೊಟ್ಟು ನಿಂತದ್ದಾಯಿತು, ಮಾಮಲ್ಲಪುರದಲ್ಲಿ ಇಬ್ಬರು ನಾಯಕರೂ ಕೂತು ಎಳನೀರು ಕುಡಿದದ್ದಾಯಿತು. ಆಮೇಲೆ ಗಾಲ್ವಾನ್ ಬಂತು.

ಇಪ್ಪತ್ತರ ಜೂನಿನಲ್ಲಿ ಗಾಲ್ವಾನಿನಲ್ಲಿ ನಮ್ಮ ಯೋಧರು ಸತ್ತ ಮೇಲೆ ದೇಶದಲ್ಲಿ ಚೀನಾದ ಆ್ಯಪ್‌ಗಳು ಹೋದವು, ವಿಮಾನ ನಿಂತಿತು, ವೀಸಾ ನಿಂತಿತು. ಹುಣಸೂರಿನಲ್ಲಿ ಟಿಬೆಟನ್ನರ ಬಾವುಟವನ್ನು ನಮ್ಮ ತ್ರಿವರ್ಣದ ಪಕ್ಕದಲ್ಲೇ ಕಟ್ಟಬಹುದು ಅಂತಾಯಿತು. ಅದಾಗಿ ಮುಂದಿನ ಜನವರಿ ಇಪ್ಪತ್ನಾಲ್ಕಕ್ಕೆ ಗಡಿಯಲ್ಲಿ ಗಸ್ತು ತಿರುಗುವಾಗ ಹಿಮ ಕುಸಿದು ಗುರುಪುರದ ಹುಡುಗ ನೊರ್ಬು ತೀರಿಕೊಂಡ.

ನೊರ್ಬು ಉಮರನ ಗೆಳೆಯ. ಹುಣಸೂರಿನಲ್ಲೇ ಪಿಯುಸಿ ಓದಿ, ಕಾಲೇಜಿನ ವಾಲಿಬಾಲ್ ತಂಡದಲ್ಲಿ ಆಡಿ, ರಂಜಾನ್ ತಿಂಗಳಲ್ಲಿ ಉಪವಾಸ ಮಾಡದಿದ್ದರೂ ಇಫ್ತಾರಿಗೆ ಮಾತ್ರ ತಪ್ಪದೆ ಬರುತ್ತಿದ್ದವನು. ಅವನು ಸೇರಿದ್ದು ಅರವತ್ತೆರಡರ ಯುದ್ಧದ ನಂತರ ಟಿಬೆಟನ್ನರನ್ನೇ ಸೇರಿಸಿಕೊಂಡು ನಮ್ಮ ಸರ್ಕಾರ ಕಟ್ಟಿದ ಪಡೆ. ಅಂಥದೊಂದು ಪಡೆ ಇದೆ ಎಂಬುದು ಎಲ್ಲರಿಗೂ ಗೊತ್ತಿತ್ತು, ಇದೆ ಅಂತ ಸರ್ಕಾರ ಬಾಯಿ ಬಿಟ್ಟು ಹೇಳುತ್ತಿರಲಿಲ್ಲ. ಚೀನಾದ ಮೇಲೆ ಸಿಟ್ಟು ನೆತ್ತಿಗೇರಿದ್ದ ಆ ವರ್ಷ ಮಾತ್ರ ಮುಚ್ಚುಮರೆ ಸ್ವಲ್ಪ ಸಡಿಲವಾಗಿತ್ತು. ಹಾಗಾಗಿ ಅವನ ದೇಹ ಹುಣಸೂರಿನ ಮೇಲೆ ಹಾದು ಹೋಗುವಾಗ ಅಂಗಡಿಗಳು ಬಾಗಿಲು ಹಾಕಿದವು, ಜನ ಹೂವು ಎರಚಿದರು. ಸಾಬರು ಗೋದಾಮಿನಲ್ಲಿದ್ದ ಅತಿ ದೊಡ್ಡ ಶಾಮಿಯಾನ ತಂದು ಕಟ್ಟಿದರು.

ಆ ಶಾಮಿಯಾನದ ಕೆಳಗೆ ಬಂದ ದೊಡ್ಡವರೆಲ್ಲ ಮಾತಾಡಿದರು. ಚೀನಾಕ್ಕೆ ಬುದ್ಧಿ ಕಲಿಸುತ್ತೇವೆ ಅಂದರು. ವೀರಪುತ್ರ ಅಂದರು, ಹುತಾತ್ಮ ಅಂದರು, ನಮ್ಮ ಟಿಬೆಟನ್ ಸಹೋದರ ಅಂದರು. ಹುಡುಗನ ಹೆಸರನ್ನು ಮಾತ್ರ ಯಾರೂ ಹೇಳಲಿಲ್ಲ. ಕೆಲವರಿಗೆ ಅದು ಗೊತ್ತಿರಲಿಲ್ಲ. ಗೊತ್ತಿದ್ದ ಅಧಿಕಾರಿಗೆ ಹೇಳಲು ಅಪ್ಪಣೆ ಇರಲಿಲ್ಲ. ಮುಂದಿನ ಸಾಲಿನ ಕುರ್ಚಿಯಲ್ಲಿ ಕೂತಿದ್ದ ತಾಯಿ ಡೋಲ್ಕರಮ್ಮ ಪ್ರತಿಯೊಬ್ಬರು ಮೈಕಿನ ಮುಂದೆ ಬಂದಾಗಲೂ ತಲೆಯೆತ್ತಿ ನೋಡುತ್ತಿದ್ದರು. ಸಾಬರು ಅದನ್ನು ನೋಡಿದ್ದರು. ನೋಡಿಯೂ ಆ ದಿನ ತಾವೇ ಮೈಕ್ ಹಿಡಿಯಲಿಲ್ಲವಲ್ಲ ಎಂಬ ನೋವು ಅವರಿಗೆ ಹೋಗಿರಲಿಲ್ಲ.

ಇದಾಗಿ ನಾಲ್ಕು ವರ್ಷ ದಾಟಿದ ಮೇಲೆ, ಎರಡು ಸಾವಿರದ ಇಪ್ಪತ್ತೈದರ ಜೂನ್ ತಿಂಗಳಲ್ಲಿ, ಡೋಲ್ಕರಮ್ಮ ಸಾಬರ ಅಂಗಡಿಗೆ ಬಂದರು. ಪ್ರತಿ ಚಳಿಗಾಲ ದಾವಣಗೆರೆಯ ಫುಟ್‌ಪಾತಿನಲ್ಲಿ ಸ್ವೆಟರ್ ಮಾರಿ ಮಗನನ್ನು ಓದಿಸಿದ್ದ ಹೆಂಗಸು. ಹುಟ್ಟಿದ್ದು ಬೈಲಕುಪ್ಪೆಯಲ್ಲಿ, ಬೆಳೆದದ್ದು ಗುರುಪುರದಲ್ಲಿ, ಕನ್ನಡ ಇಲ್ಲಿಯ ಗಾವಡಗೆರೆ ಹಳ್ಳಿಯವರ ಥರವೇ. ಕುರ್ಚಿ ಕೊಟ್ಟರೆ ಕೂರಲಿಲ್ಲ, ಟೀ ಬೇಡ ಅಂದರು. ಬರುವ ಜನವರಿಗೆ ಐದು ವರ್ಷವಾಗುತ್ತದೆ, ಪಟ್ಟಣದಲ್ಲಿ ಒಂದು ಸಣ್ಣ ಸಭೆ ಮಾಡಬೇಕು ಅಂದರು. ಕ್ಯಾಂಪಿನಲ್ಲೇ ದೊಡ್ಡ ಪ್ರಾರ್ಥನಾ ಮಂದಿರ ಇದೆಯಲ್ಲ, ಅಲ್ಲೇ ಮಾಡಬಹುದಲ್ಲ ಅಂತ ಸಾಬರು ಕೇಳಿದರು.

“ಕ್ಯಾಂಪಲ್ಲಿ ದಿನಾ ಅವನ ಎಸ್ರು ಏಳ್ತೀವಿ ಸಾಬ್ರೆ. ದೇವ್ರಿಗೆ ಗೊತ್ತದೆ. ಉಣಸೂರಿಗೆ ಗೊತ್ತಿಲ್ಲ. ಇಲ್ಲೇ ಓದ್ದ, ಇಲ್ಲೇ ಆಡ್ದ. ಒಂದ್ ಸಲ ಅವನ ಎಸ್ರು ಈ ಊರಲ್ಲಿ ಮೈಕಲ್ಲಿ ಕೇಳ್ಬೇಕು. ಅಷ್ಟೇಯ.”

ಸಾಬರಿಗೆ ಸಂಕಟವಾಯಿತು. ಸಂಕಟವಾದಾಗ ಅವರಿಗೆ ಗೊತ್ತಿದ್ದ ಉಪಾಯ ಒಂದೇ, ವಿದೇಶಾಂಗ ನೀತಿ ಮಾತಾಡುವುದು. ಹಿಂದಿನ ತಿಂಗಳಷ್ಟೇ ಪಾಕಿಸ್ತಾನದ ಜೊತೆ ಗುಂಡಿನ ಕಾಳಗ ನಡೆದು ಮುಗಿದಿತ್ತು. ಪಾಕಿಸ್ತಾನಕ್ಕೆ ವಿಮಾನ ಕೊಟ್ಟವರು ಚೀನಾದವರು, ಕ್ಷಿಪಣಿ ಕೊಟ್ಟವರು ಅವರೇ ಅಂತ ಟೀವಿಯವರು ಹಗಲೂ ಸಂಜೆಯೂ ಕೂಗುತ್ತಿದ್ದರು. ಇಂಥ ಹೊತ್ತಿನಲ್ಲಿ ದೆಹಲಿ ಚೀನಾದ ಜೊತೆ ರಾಜಿಯಾಗುವ ಪ್ರಶ್ನೆಯೇ ಇಲ್ಲ, ಜನವರಿಯವರೆಗೂ ಈ ಸಿಟ್ಟು ಇಳಿಯುವುದಿಲ್ಲ, ಸಿಟ್ಟು ಇಳಿಯದಿದ್ದರೆ ಅನುಮತಿ ತಾನಾಗಿ ಬರುತ್ತದೆ ಅಂತ ಸಾಬರು ಕೈ ಆಡಿಸಿ ಆಡಿಸಿ ವಿವರಿಸಿದರು. ಡೋಲ್ಕರಮ್ಮ ನಂಬಲೋ ಬೇಡವೋ ಎಂಬಂತೆ ನಿಂತಿದ್ದರು.

“ನೆಂಟ್ರಿಗೆಲ್ಲ ಏಳ್ಬುಡಿ ಅಮ್ಮ,” ಅಂದರು ಸಾಬರು. “ಇದು ಉಸೇನ್ ಸಾಬನ ಮಾತು. ನೊರ್ಬು ಎಸ್ರು ಉಣಸೂರು ಪೂರಾ ಕೇಳುಸ್ತೀನಿ.”

ಡೋಲ್ಕರಮ್ಮ ಅದೇ ದಿನ ಬೈಲಕುಪ್ಪೆಯ ತಂಗಿಗೂ ಮುಂಡಗೋಡಿನ ಅಣ್ಣನಿಗೂ ಫೋನ್ ಮಾಡಿ ಹೇಳಿಬಿಟ್ಟರು. ಸಾಬರೂ ಸುಮ್ಮನಿರಲಿಲ್ಲ, ಟೀ ಅಂಗಡಿಯಲ್ಲಿ ಡಂಗುರ ಸಾರಿದರು.

ಆಗಸ್ಟ್ ಮುಗಿಯುವ ಹೊತ್ತಿಗೆ ಅದೇ ಟೀ ಅಂಗಡಿಯ ಟೀವಿಯಲ್ಲಿ ನಮ್ಮ ಪ್ರಧಾನಿ ಚೀನಾದಲ್ಲಿ ಇಳಿದರು. ಕೈ ಕುಲುಕಿದರು, ನಕ್ಕರು, ಪಕ್ಕದಲ್ಲಿ ರಷ್ಯಾದವರೂ ನಿಂತು ನಕ್ಕರು. ಗಾವಡಗೆರೆಯ ಪುಟ್ಟಸ್ವಾಮಿ ಅಲ್ಲೇ ಕೂತಿದ್ದ. ಡೋಲ್ಕರಮ್ಮನ ಜಮೀನನ್ನು ಗುತ್ತಿಗೆಗೆ ಹಿಡಿದು ಮುಸುಕಿನ ಜೋಳ ಹಾಕುವ ರೈತ ಅವನು, ಸಾಬರ ಜೊತೆ ಪ್ರೈಮರಿ ಸ್ಕೂಲಿನಿಂದ ಓದಿದವನು. ಸಾಬರ ಭವಿಷ್ಯವಾಣಿ ಒಮ್ಮೆಯಾದರೂ ಸುಳ್ಳಾಗಲಿ ಅಂತ ಮೂವತ್ತು ವರ್ಷದಿಂದ ಕಾಯುತ್ತಿದ್ದ. ಅವತ್ತು ಅವನಿಗೆ ಹಬ್ಬ. ನಿನ್ನ ಖಾತೆ ಯಾರೋ ಕಿತ್ತುಕೊಂಡರಲ್ಲೋ ಅಂತ ಎಲ್ಲರೆದುರು ಛೇಡಿಸಿದ.

ಕಾರಣವೇನು ಅಂತ ಸಾಬರಿಗೆ ಅರ್ಥವಾಗದೆ ಇರಲಿಲ್ಲ. ಅಮೆರಿಕದವರು ನಮ್ಮ ಸಾಮಾನಿನ ಮೇಲೆ ಸುಂಕ ಏರಿಸಿದ್ದರು. ದೂರದ ಸಾಹುಕಾರ ಕೈಕೊಟ್ಟ ಅಂತ ಬೇಲಿಯಾಚೆಯವನ ಜೊತೆ ಮಾತು ಶುರುಮಾಡಿದ ಹಾಗೆ. ಸಾಬರು ಆಚೆ ಈಚೆ ಎರಡೇ ಮನೆ ಲೆಕ್ಕ ಹಿಡಿದು, ಮೂರನೆಯ ಸಾಹುಕಾರನ ಮನೆಯನ್ನು ಮರೆತಿದ್ದರು. ಒಂದು ಶಾಮಿಯಾನ ನೋಡಿಕೊಂಡು ಭೂಮಿಯ ಮೇಲಿನ ಮನಸ್ಸುಗಳನ್ನೆಲ್ಲ ಅಳೆಯುತ್ತೇನೆ ಎಂದು ಹೊರಟವರಿಗೆ ಆಗಬೇಕಾದ್ದೇ ಆಯಿತು. ಆದರೂ ಸೋಲನ್ನು ಒಪ್ಪುವ ಜಾತಿ ಅಲ್ಲ ಅವರದು.

“ನಕ್ಕಿದ್ದೆಲ್ಲ ನೆಂಟಸ್ತಿಕೆ ಅಲ್ಲ ಕಣ್ಲಾ ಪುಟ್ಟಸ್ವಾಮಿ,” ಅಂದರು. “ಜನವರಿ ಇನ್ನೂ ದೂರ ಅದೆ.”

ಜನವರಿ ಹತ್ತಿರ ಬರುತ್ತಾ ಹೋಯಿತು. ಅಕ್ಟೋಬರಿನಲ್ಲಿ ಐದು ವರ್ಷದಿಂದ ನಿಂತಿದ್ದ ವಿಮಾನ ಕೋಲ್ಕತ್ತದಿಂದ ಚೀನಾಕ್ಕೆ ಮತ್ತೆ ಹಾರಿತು. ಹಾರಿದ ಸುದ್ದಿ ಕೇಳಿದ ದಿನ ಸಾಬರು ಟೀ ಅಂಗಡಿ ಕಡೆ ಹೋಗಲಿಲ್ಲ. ಹೆಂಡತಿ ಮುನ್ನೀಬಿ ಊಟಕ್ಕೆ ಬಡಿಸುತ್ತಾ, ತಮ್ಮ ಮನೆಯ ಉರ್ದುವಿನಲ್ಲಿ, ಒಂದೇ ಮಾತು ಕೇಳಿದರು. ಚೀನಾ ಹೇಗಾದರೂ ಇರಲಿ, ಆ ತಾಯಿಗೆ ಮಾತು ಕೊಟ್ಟದ್ದು ದೆಹಲಿಯೋ ನೀವೋ? ಸಾಬರು ಸಾರು ಕಲಸಿಕೊಂಡರು.

ಡಿಸೆಂಬರಿನಲ್ಲಿ ಅವರು ಅರ್ಜಿ ಹಿಡಿದು ಠಾಣೆಗೆ ಹೋದರು. ಸಬ್ ಇನ್‌ಸ್ಪೆಕ್ಟರ್ ಸುನೀಲ್‌ಕುಮಾರ್ ಬಂದು ವರ್ಷವಾಗಿತ್ತು. ಮಂಡ್ಯ ಕಡೆಯ ಹುಡುಗ, ಮಾತು ಒರಟು, ಮನಸ್ಸು ಒರಟಲ್ಲ. ಅರ್ಜಿಯನ್ನು ಎರಡು ಸಲ ಓದಿ, ಕುರ್ಚಿ ತೋರಿಸಿ, ಬಾಗಿಲ ಕಡೆ ಒಮ್ಮೆ ನೋಡಿ ದನಿ ತಗ್ಗಿಸಿದರು. ಸಾರ್ವಜನಿಕ ಜಾಗದಲ್ಲಿ ಬೇಡ, ಬ್ಯಾನರ್ ಬೇಡ, ಮೈಕ್ ಅಂತೂ ಬೇಡವೇ ಬೇಡ, ಕ್ಯಾಂಪಿನೊಳಗೆ ಪ್ರಾರ್ಥನೆ ಮಾಡಿಕೊಳ್ಳಲು ಯಾರ ಅಡ್ಡಿಯೂ ಇಲ್ಲ ಅಂದರು. ಐದು ವರ್ಷದ ಹಿಂದೆ ಇದೇ ಹುಡುಗನಿಗೆ ಊರೇ ಸೆಲ್ಯೂಟ್ ಹೊಡೆದಿತ್ತಲ್ಲ ಅಂತ ಸಾಬರು ಕೇಳಿದರು.

“ಆಗ ಅಂಗಿತ್ತು, ಈಗ ಇಂಗಿದೆ. ನಂಗೇನ್ ಸಂತೋಷನಾ ಸಾಬ್ರೆ? ಮೇಲಿಂದ ಬಂದದೆ,” ಅಂದರು ಸುನೀಲ್‌ಕುಮಾರ್.

ಮೇಲಿಂದ ಅಂದರೆ ಎಷ್ಟು ಮೇಲಿಂದ ಅಂತ ಸಾಬರು ಕೇಳಲಿಲ್ಲ. ಆ ಮೇಲು ಎಲ್ಲಿದೆ ಅಂತ ಸುನೀಲ್‌ಕುಮಾರರಿಗೂ ಗೊತ್ತಿರಲಿಕ್ಕಿಲ್ಲ. ದೊಡ್ಡ ದೇಶಗಳು ಕೈ ಕುಲುಕುವಾಗ ಮಧ್ಯೆ ಸಿಕ್ಕಿದವರ ಬೆರಳು ನಜ್ಜಾಗುತ್ತದೆ, ಯಾರ ಬೆರಳು ಅಂತ ನೋಡುವ ಪುರುಸೊತ್ತು ಅವುಗಳಿಗಿಲ್ಲ. ಎರಡು ದೇಶ ಜಗಳವಾಡದೆ ಇರುವುದು ಒಳ್ಳೆಯದೇ ಅಂತ ಸಾಬರೂ ಒಪ್ಪುವವರೇ. ಗಡಿಯಲ್ಲಿ ಇನ್ನೊಬ್ಬ ನೊರ್ಬು ಸಾಯುವುದು ಯಾರಿಗೆ ಬೇಕಿತ್ತು? ಆದರೆ ರಾಜಿಗೆ ಮೊದಲ ಕಂತಾಗಿ ಸತ್ತ ಹುಡುಗನ ಹೆಸರನ್ನು ಕೊಡಬೇಕೇ ಅಂತ ಅವರಿಗೆ ಮೈಯೆಲ್ಲ ಉರಿಯಿತು.

ಫೋನಿನಲ್ಲಿ ಹೇಳುವ ಸುದ್ದಿ ಅಲ್ಲ ಅದು. ಮೊಪೆಡ್ ಹತ್ತಿ ಗುರುಪುರಕ್ಕೆ ಹೋದರು. ದಾರಿಯುದ್ದಕ್ಕೂ ಹೇಗೆ ಶುರುಮಾಡಬೇಕು ಅಂತ ಮಾತು ಜೋಡಿಸಿಕೊಂಡರು. ಜೋಡಿಸಿದ ಮಾತೆಲ್ಲ ಡೋಲ್ಕರಮ್ಮನ ಅಂಗಳದಲ್ಲಿ ಮೊಪೆಡ್ ನಿಲ್ಲಿಸುವಾಗಲೇ ಮರೆತು ಹೋಯಿತು. ಅನುಮತಿ ಸಿಗಲಿಲ್ಲ ಅಮ್ಮ, ತಪ್ಪು ನನ್ನದು, ಗೊತ್ತಿಲ್ಲದ್ದನ್ನು ಗೊತ್ತು ಅಂದೆ ಅಂತ ಒಂದೇ ಉಸಿರಿಗೆ ಹೇಳಿಬಿಟ್ಟರು.

ಡೋಲ್ಕರಮ್ಮ ಜೋಳದ ತೆನೆ ಬಿಡಿಸುತ್ತಿದ್ದರು. ಕೈ ನಿಲ್ಲಿಸಲಿಲ್ಲ. ಅಳಲಿಲ್ಲ, ಬೈಯಲಿಲ್ಲ. ಒಂದು ತೆನೆ ಪೂರ್ತಿ ಬಿಡಿಸಿ ಮುಗಿಸಿ ಆಮೇಲೆ ಮಾತಾಡಿದರು.

“ನನ್ ಮಗ ದೇಸದ ಸಿಟ್ಟಿಗೆ ಉಟ್ಟಿದ್ದಲ್ಲ ಸಾಬ್ರೆ, ನಂಗುಟ್ಟಿದ್ದು. ಅವರ ಸಿಟ್ಟು ಇಳೀತು ಅಂತ ಅವನೆಸ್ರು ಯಾಕ್ ಇಳೀಬೇಕು?”

ಸಾಬರು ಅವರ ಎದುರಿಗೆ ಕೂತು ಒಂದು ತೆನೆ ಎತ್ತಿಕೊಂಡು ಬಿಡಿಸತೊಡಗಿದರು. ಅಲ್ಲಿ ಕೂತಿರುವಾಗ, ಭವಿಷ್ಯ ಹೇಳುವುದು ತಮ್ಮ ಕಸುಬಲ್ಲ, ಮೈಕ್ ಕಟ್ಟುವುದು ತಮ್ಮ ಕಸುಬು ಎಂಬುದು ಅವರಿಗೆ ಚೆನ್ನಾಗಿ ತಿಳಿಯಿತು. ತಿಳಿದ ಮೇಲೆ ಅವರ ಹಳೆಯ ಧೈರ್ಯ ವಾಪಸ್ ಬಂತು. ಸಭೆ ಆಗಲಿಕ್ಕಿಲ್ಲ, ಹೆಸರು ಮಾತ್ರ ಕೇಳುತ್ತದೆ, ಹೇಗೆ ಅಂತ ಈಗ ಕೇಳಬೇಡಿ ಅಂತ ಹೇಳಿ ಎದ್ದರು. ಹೇಗೆ ಅಂತ ಅವರಿಗೂ ಗೊತ್ತಿರಲಿಲ್ಲ.

ಗೊತ್ತಾದದ್ದು ಜನವರಿ ಎರಡನೇ ವಾರದಲ್ಲಿ. ತಾಲ್ಲೂಕಿನ ಗಣರಾಜ್ಯೋತ್ಸವಕ್ಕೆ ಮೈದಾನದಲ್ಲಿ ಶಾಮಿಯಾನ, ಮೈಕ್ ಹಾಕುವ ಕೆಲಸ ಪ್ರತಿ ವರ್ಷ ಸಾಬರದೇ. ಈ ವರ್ಷವೂ ಹೇಳಿಕಳಿಸಿದ್ದರು. ಇಪ್ಪತ್ತಾರಕ್ಕೆ ಸಮಾರಂಭ, ಇಪ್ಪತ್ನಾಲ್ಕಕ್ಕೆ ಪಥಸಂಚಲನದ ತಾಲೀಮು, ತಾಲೀಮಿಗೆ ಮೊದಲು ಮೈಕ್ ಪರೀಕ್ಷೆ ಆಗಿರಬೇಕು ಅಂತ ಉಮರ್ ಓದಿ ಹೇಳಿದ. ಸಾಬರು ಆಂಪ್ಲಿಫೈಯರಿನ ಧೂಳು ಒರೆಸುತ್ತಿದ್ದರು. ಇಪ್ಪತ್ನಾಲ್ಕು ನೊರ್ಬು ತೀರಿಕೊಂಡ ತಾರೀಖು ಅಂತ ಹೊಳೆದು ಬಟ್ಟೆಯನ್ನು ಅಲ್ಲೇ ಇಟ್ಟರು.

ಮೈಕ್ ಸೆಟ್ಟಿನವರಿಗೆ ಒಂದು ಕ್ರಮ ಇದೆ. ಹಾರ್ನ್ ಕಟ್ಟಿದ ಮೇಲೆ ಒಬ್ಬರು ಮೈಕಿನಲ್ಲಿ ಏನಾದರೂ ಹೇಳುತ್ತಿರಬೇಕು, ಇನ್ನೊಬ್ಬರು ಮೈದಾನ ಸುತ್ತಿ ಎಲ್ಲ ಕಡೆ ಸಮ ಕೇಳುತ್ತದೋ ನೋಡಬೇಕು. ಹಲೋ ಹಲೋ ಅನ್ನುವವರುಂಟು, ಒಂದು ಎರಡು ಮೂರು ಎಣಿಸುವವರುಂಟು. ಉಮರ್ ಸಿನಿಮಾ ಡೈಲಾಗ್ ಹೊಡೆಯುತ್ತಾನೆ. ಪರೀಕ್ಷೆಗೆ ಯಾವ ಮಾತು ಹೇಳಬೇಕು ಅಂತ ಇವತ್ತಿನವರೆಗೆ ಯಾವ ಸರ್ಕಾರವೂ ನಿಯಮ ಮಾಡಿಲ್ಲ. ಸಾಬರು ತಮ್ಮ ಯೋಚನೆ ಹೇಳಿದಾಗ ಉಮರ್ ಹೆದರಿದ. ಗೆಳೆಯನ ಹೆಸರು ಕೇಳಬೇಕೆಂಬ ಆಸೆ ಅವನಿಗೆ ಅಪ್ಪನಿಗಿಂತ ಹೆಚ್ಚೇ ಇತ್ತು, ಆದರೆ ಅಂಗಡಿಯನ್ನು ಇನ್ನೂ ಬಹಳ ವರ್ಷ ನಡೆಸಬೇಕಾದವನು ಅವನು. ಕೇಸು ಹಾಕಿದರೆ, ಇನ್ನು ಮುಂದೆ ಯಾವ ಸರ್ಕಾರಿ ಕೆಲಸವೂ ಸಿಗದಂತೆ ಮಾಡಿದರೆ ಅಂತ ಕೇಳಿದ. ತಮ್ಮ ಹೆಸರಿನವರನ್ನು ಇಂಥದ್ದರಲ್ಲಿ ಮೊದಲು ಹಿಡಿಯುತ್ತಾರೆ ಅಂತಲೂ ಹೇಳಿದ. ಅದು ಸುಳ್ಳಲ್ಲ ಅಂತ ಸಾಬರಿಗೂ ಗೊತ್ತಿತ್ತು.

ಅವರು ಮಗನಿಗೆ ಸಮಾಧಾನವಾಗಿ ಹೇಳಿದರು. ಘೋಷಣೆ ಕೂಗುವುದಿಲ್ಲ, ಯಾವ ದೇಶವನ್ನೂ ಬೈಯುವುದಿಲ್ಲ, ಬ್ಯಾನರ್ ಇಲ್ಲ, ಬಾವುಟ ಇಲ್ಲ. ದೇಶಕ್ಕಾಗಿ ಸತ್ತ ಹುಡುಗನ ಹೆಸರನ್ನು ಗಣರಾಜ್ಯೋತ್ಸವದ ಮೈಕಿನಲ್ಲಿ ಅವನ ತಾಯಿ ಹೇಳುತ್ತಾಳೆ. ಅದು ತಪ್ಪು ಅಂತ ಯಾರಾದರೂ ಬರೆದು ಕೊಟ್ಟರೆ ಆ ಕಾಗದ ಹಿಡಿದು ನಾನೇ ಜೈಲಿಗೆ ಹೋಗುತ್ತೇನೆ ಅಂದರು. ಮುನ್ನೀಬಿ ಒಳಗಿನಿಂದಲೇ, ಹಾಗಿದ್ದರೆ ಸ್ವೆಟರ್ ಹಾಕಿಕೊಂಡು ಹೋಗಿ, ಅಲ್ಲಿ ಚಳಿ ಇರುತ್ತದೆ ಅಂದರು. ಉಮರನಿಗೆ ನಗು ಬಂತು. ಅಲ್ಲಿಗೆ ಮಾತು ಮುಗಿಯಿತು.

ಇಪ್ಪತ್ನಾಲ್ಕರ ಬೆಳಿಗ್ಗೆ ಪುಟ್ಟಸ್ವಾಮಿ ತನ್ನ ಹಳೇ ಓಮ್ನಿಯಲ್ಲಿ ಡೋಲ್ಕರಮ್ಮ, ಅವರ ತಂಗಿ, ಅಣ್ಣನನ್ನು ಕರೆದುಕೊಂಡು ಬಂದ. ಛೇಡಿಸುವುದರಲ್ಲಿ ಎಷ್ಟು ಮುಂದೋ ಇಂಥದ್ದರಲ್ಲೂ ಅವನು ಅಷ್ಟೇ ಮುಂದು. ಡೋಲ್ಕರಮ್ಮ ಕಪ್ಪು ಉದ್ದಂಗಿಯ ಮೇಲೆ ಪಟ್ಟೆ ಪಟ್ಟೆಯ ಏಪ್ರನ್ ಕಟ್ಟಿ, ತಲೆ ಬಾಚಿ, ಹಬ್ಬಕ್ಕೆ ಹೊರಟವರ ಹಾಗೆ ಬಂದಿದ್ದರು. ಉಮರ್ ಆಗಲೇ ಕಂಬ ಹತ್ತಿ ಹಾರ್ನ್‌ಗಳನ್ನು ಕಟ್ಟಿ ಇಳಿದಿದ್ದ. ಒಂದನ್ನು ಬಸ್ ಸ್ಟ್ಯಾಂಡ್ ಕಡೆಗೆ, ಒಂದನ್ನು ನೊರ್ಬು ಓದಿದ ಕಾಲೇಜಿನ ಕಡೆಗೆ, ಉಳಿದವನ್ನು ಮಾರುಕಟ್ಟೆಯ ಕಡೆಗೂ ಹೊಳೆಯ ಕಡೆಗೂ ತಿರುಗಿಸಿದ್ದ. ಮೈದಾನಕ್ಕೆ ಅಷ್ಟೆಲ್ಲ ಬೇಕಿರಲಿಲ್ಲ. ಹೆದರಿದ್ದ ಹುಡುಗ ಕೆಲಸದಲ್ಲಿ ಜಿಪುಣತನ ಮಾಡಿರಲಿಲ್ಲ ಅಂತ ಸಾಬರಿಗೆ ಹೆಮ್ಮೆಯಾಯಿತು.

ಮೈದಾನದಲ್ಲಿ ಪೊಲೀಸರ ತುಕಡಿ, ಗೃಹರಕ್ಷಕರು, ಎನ್‌ಸಿಸಿ ಹುಡುಗರು, ಬಿಳಿ ಯೂನಿಫಾರಂ ಹಾಕಿದ ಶಾಲಾ ಮಕ್ಕಳು ಸಾಲು ಕಟ್ಟುತ್ತಿದ್ದರು. ಎಲ್ಲರ ಮುಂದೆ ನಿಂತು ಸಾಲು ಸರಿಮಾಡುತ್ತಿದ್ದವರು ಸುನೀಲ್‌ಕುಮಾರ್. ಸಂಚಲನದ ಮುಂದಾಳತ್ವ ಅವರದೇ ಅಂತ ಸಾಬರಿಗೆ ಗೊತ್ತಾದದ್ದು ಆಗಲೇ. ಪುಟ್ಟಸ್ವಾಮಿ ಅದನ್ನು ನೋಡಿ ಸಾಬರ ಮುಖ ನೋಡಿದ. ವಾಪಸ್ ಹೋಗೋಣವೇ ಅಂತ ಆ ಕಣ್ಣು ಕೇಳುತ್ತಿತ್ತು. ಸಾಬರು ಡೋಲ್ಕರಮ್ಮನ ಮೊಣಕೈ ಹಿಡಿದು ಮೈಕಿನ ಮುಂದೆ ನಿಲ್ಲಿಸಿ, ಮೈಕಿನ ಸ್ಟ್ಯಾಂಡನ್ನು ಅವರ ಎತ್ತರಕ್ಕೆ ಇಳಿಸಿದರು.

ಏನು ಹೇಳಲಿ ಅಂತ ಡೋಲ್ಕರಮ್ಮ ಕೇಳಿದರು. ಹೆಸರು, ತಾಯಿಯ ಹೆಸರು, ಊರು, ಇಷ್ಟೇ ಹೇಳಿ, ಶಾಲೆಗೆ ಸೇರಿಸುವಾಗ ಹೇಳಿದ ಹಾಗೆ ಹೇಳಿ ಅಂತ ಸಾಬರು ಅಂದರು. ಉಮರ್ ಆಂಪ್ಲಿಫೈಯರಿನ ಗುಬುಟು ತಿರುಗಿಸಿದ. ಹಾರ್ನ್‌ಗಳು ಒಮ್ಮೆ ಕಿರುಚಿ ಸುಮ್ಮನಾದವು.

“ನೊರ್ಬು ಶೆರಾಪ್,” ಅಂದರು ಡೋಲ್ಕರಮ್ಮ. “ಡೋಲ್ಕರ್ ಮಗ. ಗುರುಪುರ. ಉಣಸೂರು ತಾಲ್ಲೂಕು.”

ಹೆಸರು ಕಾಲೇಜಿನ ಗೋಡೆಗೆ ಬಡಿದು ವಾಪಸ್ ಬಂತು. ಬಸ್ ಸ್ಟ್ಯಾಂಡ್ ಕಡೆಯಿಂದ ಇನ್ನೊಮ್ಮೆ, ಸ್ವಲ್ಪ ತಡವಾಗಿ, ಕೇಳಿತು. ಮೈದಾನದ ಬೇಲಿಯಾಚೆ ತರಕಾರಿ ಗಾಡಿ ತಳ್ಳಿಕೊಂಡು ಹೋಗುತ್ತಿದ್ದವನು ನಿಂತು ಯಾರೆಂದು ನೋಡಿದ. ಉಮರ್ ತಲೆ ತಗ್ಗಿಸಿ ಗುಬುಟನ್ನೇ ನೋಡುತ್ತಿದ್ದ. ಸಾಬರಿಗೆ ಕಣ್ಣು ತುಂಬಿ ಎದುರಿನ ಮಕ್ಕಳ ಬಿಳಿ ಸಾಲೆಲ್ಲ ಒಂದೇ ಬಟ್ಟೆಯಾಗಿ ಕಂಡಿತು.

ಕಣ್ಣು ಒರೆಸಿಕೊಂಡು ನೋಡಿದರೆ ಸುನೀಲ್‌ಕುಮಾರ್ ತುಕಡಿಯನ್ನು ಬಿಟ್ಟು ಅವರ ಕಡೆಗೇ ಬರುತ್ತಿದ್ದರು. ನೇರವಾಗಿ, ಅವಸರವಿಲ್ಲದೆ, ಬೂಟಿನ ಸದ್ದು ಮಾಡುತ್ತಾ. ಪುಟ್ಟಸ್ವಾಮಿ ಡೋಲ್ಕರಮ್ಮನ ಮುಂದೆ ಬಂದು ನಿಂತ. ಸಾಬರು ಪುಟ್ಟಸ್ವಾಮಿಯನ್ನು ಪಕ್ಕಕ್ಕೆ ಸರಿಸಿ ತಾವು ಮುಂದೆ ನಿಂತರು. ಹೇಳಬೇಕಾದ್ದನ್ನೆಲ್ಲ ಮನಸ್ಸಿನಲ್ಲೇ ಒಂದು ಸಲ ಹೇಳಿಕೊಂಡರು. ಕರೆದರೆ ಹೋಗಲು ಸ್ವೆಟರನ್ನೂ ಹಾಕಿಕೊಂಡೇ ಬಂದಿದ್ದರು.

ಸುನೀಲ್‌ಕುಮಾರ್ ಮೈಕಿನ ಎದುರು ನಿಂತು ಡೋಲ್ಕರಮ್ಮನನ್ನು ನೋಡಿದರು. ಆಮೇಲೆ ಕಂಬದ ಮೇಲಿನ ಹಾರ್ನ್‌ಗಳನ್ನು ಒಂದೊಂದಾಗಿ ನೋಡಿದರು. ಕೊನೆಗೆ ಸಾಬರ ಕಡೆ ತಿರುಗಿದರು.

“ಸಾಬ್ರೆ, ಮಾರ್ಕೆಟ್ ಕಡೆ ಹಾರ್ನು ಸರಿಯಾಗಿ ಕೇಳಿಸ್ಲಿಲ್ಲ,” ಅಂದರು. “ಇನ್ನೊಂದ್ಸಲ ಹೇಳ್ಸಿ.”

ಅಷ್ಟು ಹೇಳಿ ಅವರು ತಿರುಗಿ ತುಕಡಿಯ ಮುಂದೆ ಹೋಗಿ ನಿಂತು ಮೈದಾನಕ್ಕೆಲ್ಲ ಕೇಳುವಂತೆ ಸಾವಧಾನ್ ಎಂದರು. ಪೊಲೀಸರು, ಗೃಹರಕ್ಷಕರು, ಮಕ್ಕಳು ಎಲ್ಲರೂ ನೆಟ್ಟಗೆ ನಿಂತರು. ಡೋಲ್ಕರಮ್ಮ ಮೈಕನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಮಗನ ಹೆಸರನ್ನು ಮೊದಲಿಗಿಂತ ಜೋರಾಗಿ ಹೇಳಿದರು.